ಸ್ಪೀಕರಿನ ಮೇಲೆ ಅಂಗೈ

ನಾಗರತ್ನಾ ಎದ್ದು ಹೋಗಿ ಸಿನಿಮಾ ಪರದೆಯ ಪಕ್ಕದ ಸ್ಪೀಕರಿನ ಮೇಲೆ ಅಂಗೈ ಇಟ್ಟಳು. ಹುಟ್ಟಿನಿಂದ ಕಿವಿ ಕೇಳದ ಅವಳು ಸದ್ದನ್ನು ಹಿಡಿಯುತ್ತಿದ್ದುದೇ ಹಾಗೆ. ಸ್ಪೀಕರು ನಡುಗಲಿಲ್ಲ. ಆದರೂ ಸಂಶಯ ಹೋಗಲಿಲ್ಲ.

“ಯಾರಿಗೂ ಕೇಳಂಗಿಲ್ಲಕ್ಕಾ. ಹಳೇ ಜಪಾನಿ ಸಿನಿಮಾ, ಇದಕ್ಕ ಆವಾಜೇ ಇಲ್ಲ,” ಎಂದು ಅವಳು ಮರಳಿ ಬಂದು ಕೂತ ಕೂಡಲೇ ಪಕ್ಕದಲ್ಲಿದ್ದ ತಮ್ಮ ಯಶವಂತ ಸನ್ನೆ ಮಾಡಿ ಹೇಳಿದ. ಇವನನ್ನು ನಂಬುವುದು ಹೇಗೆ? ಕಮಲಾಪುರದ ಮನೆಯಲ್ಲಿ ಎಲ್ಲರೂ ಬಿದ್ದು ಬಿದ್ದು ನಗುವಾಗ ಅವಳು ಇವನ ತೋಳು ಜಗ್ಗಿ ಕೇಳಿದರೆ, “ಏನಿಲ್ಲ, ಆಮ್ಯಾಲ ಹೇಳ್ತೀನಿ” ಎನ್ನುತ್ತಿದ್ದ. ಹೇಳಿದ್ದೇ ಇಲ್ಲ. ಈಗ ಕಲಬುರಗಿಯ ಈ ಸಭಾಂಗಣದಲ್ಲೂ ಎಲ್ಲರೂ ಏನೋ ಕೇಳಿಸಿಕೊಂಡು ತನ್ನೊಬ್ಬಳಿಂದ ಮುಚ್ಚಿಡುತ್ತಿದ್ದಾರೆಂದು ಅವಳು ಸುತ್ತಲಿನ ಮುಖಗಳನ್ನು ಕಳ್ಳಗಣ್ಣಿನಿಂದ ನೋಡಿದಳು.

ಪರದೆಯ ಮೇಲೆ ಗುಡಿಸಲಿನ ಬಾಗಿಲಲ್ಲಿ ಪಟ್ಟಣದ ಹೆಂಗಸೊಬ್ಬಳು ಕಾಯುತ್ತಿದ್ದಳು. ಒಳಗೆ ಅಪ್ಪ ಗೋಡೆಗೆ ಮುಖ ಮಾಡಿ ಕೂತಿದ್ದ, ಅಕ್ಕಿಯ ಮಡಕೆ ಬರಿದಾಗಿ ಬಿದ್ದಿತ್ತು. ತಾಯಿ ಮಗಳ ತಲೆ ಬಾಚಿ ಕಟ್ಟಿದಳು. ಕಟ್ಟಿದ್ದನ್ನು ಬಿಚ್ಚಿ ಮತ್ತೆ ಬಾಚತೊಡಗಿದಳು. ಪರರ ಮನೆಗೆ ದುಡಿಯಲು ಕಳಿಸುವ ಮಗಳನ್ನು ಇನ್ನೊಂದು ಗಳಿಗೆ ಹಿಡಿದಿಡುವ ಉಪಾಯವದು. ನಾಗರತ್ನಾಳ ಕಣ್ಣು ತುಂಬಿದವು.

ಯಾರೋ ತೋಳು ಜಗ್ಗಿದರು. ತಿರುಗಿದರೆ ಯಶವಂತ.

“ಏನಾತಕ್ಕಾ? ಯಾಕ ಅಳಾಕತ್ತಿ?”

ಪರದೆಯತ್ತ ಮತ್ತೆ ಮುಖ ತಿರುಗಿಸಿ ಅವಳು ಕೈಯಲ್ಲೇ ಹೇಳಿದಳು: ಏನಿಲ್ಲ, ಆಮ್ಯಾಲ ಹೇಳ್ತೀನಿ.