ಮೂರು ಚಕ್ರಕ್ಕೆ ನಿಂಬೆಹಣ್ಣು

"ಅಜ್ಜೀ, ಈ ಪ್ಲೇನ್ ಕಂಪನಿ ಈಗ ಚೀನಾ ಗವರ್ನಮೆಂಟದು. ಅವ್ರು ಫೈಟರ್ ಜೆಟ್ಸೂ ಮಾಡ್ತಾರೆ," ಎಂದಳು ಮೊಮ್ಮಗಳು ನಿಸರ್ಗಾ. ಅಮೆರಿಕದ ಲಿವರ್‌ಮೋರ್ ವಿಮಾನ ನಿಲ್ದಾಣದಲ್ಲಿ, ಕಿರಿಯ ಮಗ ಲೋಕೇಶ ಕೊಂಡ ಪುಟ್ಟ ವಿಮಾನಕ್ಕೆ ಪೂಜೆ ಮಾಡಲು ಹೊರಟಿದ್ದ ಚೆನ್ನಾಜಮ್ಮನವರ ಕುಂಕುಮದ ಬೆರಳು ಅಲ್ಲೇ ನಿಂತಿತು. ಸೈನ್ಯದಲ್ಲಿದ್ದ ಅವರ ಹಿರಿಯ ಮಗ ಚೀನಾ ಗಡಿಯಲ್ಲಿ ತೀರಿಕೊಂಡಿದ್ದ.

"ನಿಂಗೆ ಗೊತ್ತಿತ್ತೇನೋ?"

ಲೋಕೇಶ ತಲೆ ತಗ್ಗಿಸಿದ. "ಪೂಜೆ ಬೇಡ ಬಿಡಮ್ಮ. ಮನೆಗೆ ಹೋಗೋಣ."

"ಪೂಜೆ ಬುಟ್ರೆ ಹಾರ್ಸೋದು ಬುಟ್ಟೀಯಾ?"

ಅವನು ವಿಮಾನದ ರೆಕ್ಕೆ ಸವರಿದ.

ಅವರು ಕುಂಕುಮವನ್ನು ಸೆರಗಿಗೆ ಒರೆಸಿಕೊಂಡರು. ಕಾರಿನ ಲೆಕ್ಕದಲ್ಲಿ ನಾಲ್ಕು ನಿಂಬೆಹಣ್ಣು ತಂದಿದ್ದರು; ಇದಕ್ಕೆ ಇದ್ದದ್ದು ಮೂರೇ ಚಕ್ರ. ಮಂಡಿಯೂರಿ, ಪ್ರತಿ ಚಕ್ರದ ಮುಂದೆಯೂ ಒಂದೊಂದು ಹಣ್ಣಿಟ್ಟರು. ಉಳಿದದ್ದನ್ನು ಮುಷ್ಟಿಯಲ್ಲಿ ಬಿಗಿಯಾಗಿ ಹಿಡಿದುಕೊಂಡರು.

"ನಿಮ್ಮಣ್ಣ ಗಡಿಗೋದ ಮಿಲ್ಟ್ರಿ ಲಾರಿಗೆ ಒಂದು ಹಣ್ಣೂ ಮಡಗಕ್ಕಾಗ್ನಿಲ್ಲ ಕಣೋ," ಎಂದರು. "ಹೋಗು, ಹತ್ಕೊ."