ಹೋದ ಬೇಸಿಗೆಯ ನೀರು

ಶೇಖಮ್ಮನ ಪಾದದ ಹುಣ್ಣಿನಿಂದ ಬಿಳಿ ನೂಲಿನಂಥ ಹುಳು ಹೊರಬರುತ್ತಿತ್ತು. ಮಾನ್ವಿಯಿಂದ ಬಂದಿದ್ದ ಆರೋಗ್ಯ ಇಲಾಖೆಯ ಮಹಾಂತಯ್ಯ ಅದನ್ನು ಹರಿಯದಂತೆ ಕಡ್ಡಿಗೆ ಮೆಲ್ಲಗೆ ಸುತ್ತುತ್ತಿದ್ದ.

"ನಮ್ಮ ನೆಗೆಣ್ಣಿ ಮಾಡಿಸಿದ ಮಾಟರೀ ಇದು," ಎಂದಳು ಶೇಖಮ್ಮ.

"ಮಾಟ ಅಲ್ಲ ಯವ್ವಾ, ನಾರುಹುಣ್ಣು. ಹುಳ ಇದ್ದವರು ಬಾವ್ಯಾಗ ಕಾಲಿಟ್ರ ಅದರ ಮರಿ ನೀರಿಗೆ ಸೇರ್ತಾವ. ನೀ ಹೋದ ಬ್ಯಾಸಗ್ಯಾಗ ಆ ನೀರು ಕುಡಿದಿ. ಒಂದ್ ವರ್ಷ ಮೈಯಾಗ ಬೆಳೆದು ಈಗ ಹೊರಗ ಬರಾಕತ್ತದ."

ಶೇಖಮ್ಮನಿಗೆ ಲೆಕ್ಕ ತಾಳೆಯಾಗಲಿಲ್ಲ. ಗಂಡನ ಅಣ್ಣನ ಹೆಂಡತಿ ಪಾರ್ವತೆಮ್ಮ "ನಿನ್ನ ಕಾಲು ಕೊಳೀಲಿ" ಎಂದು ಮಣ್ಣು ತೂರಿದ್ದು ಮೊನ್ನೆ ಸುಗ್ಗಿಯಲ್ಲಿ, ಶೇಖಮ್ಮನ ಆಡು ಅವಳ ಜೋಳಕ್ಕೆ ಬಾಯಿ ಹಾಕಿದ ಜಗಳದಲ್ಲಿ. ಹುಣ್ಣು ಎದ್ದಾಗ ಶೇಖಮ್ಮ ಓಣಿಗೆಲ್ಲ ಕೇಳುವಂತೆ ಅವಳನ್ನು ಮಾಟಗಾತಿ ಎಂದಿದ್ದಳು. ಆದರೆ ಹೋದ ಬೇಸಿಗೆಯಲ್ಲಿ ಈ ಹುಳು ಬಿದ್ದಿದ್ದು ಪಾರ್ವತೆಮ್ಮನ ಕಾಲಿಗೆ. ಉರಿ ತಾಳದೆ ಅಳುತ್ತಿದ್ದವಳನ್ನು ಶೇಖಮ್ಮನೇ ಕೈಹಿಡಿದು ಬಾವಿಯ ಮೆಟ್ಟಿಲು ಇಳಿಸಿ, ಪಾದವನ್ನು ತಣ್ಣೀರಿನಲ್ಲಿ ಇಡಿಸಿದ್ದಳು. ಆಮೇಲೂ ಬೇಸಿಗೆಯುದ್ದಕ್ಕೂ ಅಲ್ಲಿಂದಲೇ ಕುಡಿಯಲು ಕೊಡ ತುಂಬಿಕೊಂಡು ಬಂದಿದ್ದಳು.

"ಹಂಗಾದ್ರ ಇದು ಆಕಿಯಿಂದ ಬಂತೇನ್ರೀ, ನನ್ನಿಂದ ಬಂತೇನ್ರೀ?"

"ನೀರಿನಿಂದ ಬಂತು ಯವ್ವಾ," ಎಂದ ಮಹಾಂತಯ್ಯ, ಕಡ್ಡಿಯಿಂದ ಕಣ್ಣೆತ್ತದೆ.

ನೀರಿನ ಮೇಲೆ ಸಿಟ್ಟಾಗುವುದು ಹೇಗೆಂದು ಶೇಖಮ್ಮನಿಗೆ ತಿಳಿಯಲಿಲ್ಲ. ಪಕ್ಕದ ಪಾರ್ವತೆಮ್ಮನ ಮನೆಯ ಗೋಡೆಯತ್ತ ತಿರುಗಿ, "ಯಕ್ಕಾ," ಎಂದು ಕರೆದಳು.

ಆ ಕಡೆ ಬೀಸುಕಲ್ಲಿನ ಸದ್ದು ನಿಂತಿತು.