ಬಂಕಲ್‌ನ ಹಿಂದಲೆ

ಮೂಕಚಿತ್ರದ ಪರದೆಯ ಮೇಲೆ ಬಂಕಲ್ ಬೆನ್ನು ತಿರುಗಿಸಿ ನಡೆದ. ಹಿಂದಲೆಯಲ್ಲಿ ದುಂಡನೆಯ ಬೋಳು. ನ್ಯೂಯಾರ್ಕಿನ ಪತ್ರಿಕೆಯೊಂದರಲ್ಲಿ ವರ್ಷಗಳಿಂದ ಬಂಕಲ್ ಎಂಬ ಈ ಪಾತ್ರದ ಚಿತ್ರ ಬರೆಯುತ್ತಿದ್ದ ವ್ಯಂಗ್ಯಚಿತ್ರಕಾರ ಲುಡ್ವಿಗ್ ಹಾಸ್ ಕುರ್ಚಿಯಿಂದ ಮುಂದಕ್ಕೆ ಬಾಗಿದ.

“ಈ ಬೋಳು ಎಲ್ಲಿಂದ ಬಂತು? ನನ್ನ ಬಂಕಲ್‌ಗೆ ತಲೆ ತುಂಬ ಕೂದ್ಲಿದೆ.”

“ಮುಂದ್ಗಡೆ ಇದೆ ಸಾರ್,” ಎಂದಳು ಅವನ ಚಿತ್ರಗಳಿಗೆ ಚಲನೆ ಕೊಟ್ಟ ಆಗ್ನೆಸ್. “ಪೇಪರಲ್ಲಿ ನೀವು ಅವನ ಬೆನ್ನು ಒಂದ್ಸಲಾನೂ ಬರ್ದಿಲ್ಲ. ಇಲ್ಲಿ ಅವ್ನು ಬಾಗಿಲು ದಾಟಿ ಹೋಗ್ಬೇಕಲ್ಲ.”

“ಅದಕ್ಕೆ ಮನಸ್ಸಿಗೆ ಬಂದಂಗೆ ಗೀಚೋದಾ?”

“ಇಲ್ಲ ಸಾರ್, ನೋಡ್ಕೊಂಡೇ ಬರ್ದೆ. ದಿನಾ ನನ್ನ ಮುಂದಿನ ಮೇಜಲ್ಲೇ ಕೂರ್ತೀರಲ್ಲ.”

ಹಾಸ್‌ಗೆ ತಲೆಬುಡ ತಿಳಿಯಲಿಲ್ಲ. ನೋಡಿಕೊಂಡು ಅಂದರೆ ಯಾರನ್ನು? ಕೋಣೆಯಲ್ಲಿದ್ದವರೆಲ್ಲ ತಮ್ಮ ತಮ್ಮ ಬೂಟುಗಳನ್ನೇ ನೋಡುತ್ತಿದ್ದರು. ಅವನ ಕೈ ಮೆಲ್ಲಗೆ ಹಿಂದಲೆಗೆ ಹೋಯಿತು. ಅಂಗೈಗೆ ನುಣ್ಣನೆಯ ಚರ್ಮ ಸಿಕ್ಕಿತು.